ಹತ್ತೊಂಬತ್ತು ದಿನಗಳಲ್ಲಿ ಧಾರೆ ಸೀರೆ: ಎಲ್ಲಿಂದ ಆರಂಭಿಸಬೇಕು?

ಹಾಸನದ ಅಕ್ಕ:
ಎಲ್ಲರಿಗೂ ನಮಸ್ಕಾರ. ನನ್ನ ತಂಗಿಯ ಮದುವೆಯನ್ನು ಮಾಘ ಮಾಸದಲ್ಲಿ ಮಾಡುವುದೆಂದು ಮಾತಾಗಿತ್ತು. ಹುಡುಗನನ್ನು ಅವನ ಕಂಪನಿಯವರು ನಿರೀಕ್ಷೆಗಿಂತ ಮೊದಲೇ ಹೊರದೇಶಕ್ಕೆ ಕಳುಹಿಸುತ್ತಿರುವುದರಿಂದ ಎಲ್ಲವನ್ನೂ ಬೇಗನೆ ಮಾಡಬೇಕಾಗಿ ಬಂದಿದೆ. ಆಷಾಢದಲ್ಲಿ ಮದುವೆ ಮಾಡುವಂತಿಲ್ಲ, ಶ್ರಾವಣದವರೆಗೆ ಕಾಯಲು ಅವನಿಗೆ ರಜೆಯಿಲ್ಲ. ಹಾಗಾಗಿ ಜ್ಯೇಷ್ಠ ಮಾಸದಲ್ಲಿಯೇ ಮುಹೂರ್ತ ಇಡಿಸಿದ್ದೇವೆ. (ತಂಗಿ ಎರಡನೆಯ ಮಗಳಾದ್ದರಿಂದ ಹಿರಿಮಕ್ಕಳಿಗೆ ಜ್ಯೇಷ್ಠ ಮಾಸ ಬೇಡವೆಂಬ ಮಾತು ಅಡ್ಡ ಬರಲಿಲ್ಲ, ಅಷ್ಟು ಪುಣ್ಯ.) ಇಂದಿಗೆ ಸರಿಯಾಗಿ 19 ದಿನಗಳಿವೆ. ಕಲ್ಯಾಣ ಮಂಟಪ ಸಿಕ್ಕಿದೆ, ಅಡುಗೆಯವರು ಒಪ್ಪಿದ್ದಾರೆ, ಸೀರೆ ಮಾತ್ರ ಇಲ್ಲ.

ನಮ್ಮಲ್ಲಿ ಧಾರೆ ಸೀರೆ ಗಂಡಿನ ಕಡೆಯವರದು. ಅವರು ದಾವಣಗೆರೆಯವರು, ಸಮಯ ಕಡಿಮೆಯಿರುವುದರಿಂದ ನೀವೇ ಆರಿಸಿಕೊಳ್ಳಿ, ಹಣ ನಾವು ಕೊಡುತ್ತೇವೆ ಎಂದಿದ್ದಾರೆ. ಮೂವತ್ತು ಸಾವಿರದೊಳಗೆ ಮುಗಿಸಬೇಕೆಂಬುದು ನಮ್ಮ ಎಣಿಕೆ. ದೊಡ್ಡಮ್ಮ ಕಂಚಿಗೇ ಹೋಗಿ ತರಬೇಕೆನ್ನುತ್ತಾರೆ. ಅಮ್ಮನಿಗೆ ಮೈಸೂರು ರೇಷ್ಮೆಯ ಹೊರತು ಬೇರೆ ಸೀರೆ ಕಣ್ಣಿಗೆ ಕಾಣುವುದಿಲ್ಲ. ತಂಗಿಗೆ ಬೇಕಾಗಿರುವುದು ಕುಂಕುಮ ಬಣ್ಣದ ಒಡಲು, ಗಿಳಿಹಸಿರು ಅಂಚು, ತೋಳಿನ ತುಂಬ ನವಿಲುಗಳ ಮಗ್ಗಂ ವರ್ಕ್ ಇರುವ ರವಿಕೆ. ಎಲ್ಲಿಗೆ ಹೋಗಬೇಕು, ಯಾವುದನ್ನು ಮೊದಲು ಮಾಡಬೇಕು ಎಂದು ತಿಳಿದವರು ದಯವಿಟ್ಟು ಹೇಳಬೇಕು.

ಚಿಕ್ಕಪೇಟೆಯ ಹಳಬ:
ನಾನು ರೇಷ್ಮೆ ಸೀರೆ ಅಂಗಡಿಯೊಂದರಲ್ಲಿ ಬಹಳ ವರ್ಷ ಸೀರೆ ಬಿಡಿಸಿ ತೋರಿಸುವ ಕೆಲಸ ಮಾಡಿದವನು. ಈಗ ನಿವೃತ್ತನಾಗಿರುವುದರಿಂದ ಯಾವ ಅಂಗಡಿಯ ಪರವಾಗಿಯೂ ಮಾತನಾಡಬೇಕಾದ ಅಗತ್ಯ ನನಗಿಲ್ಲ.

ಕಂಚೀಪುರದ ಪ್ರಯಾಣವನ್ನು ಕೈಬಿಡಿ. ಬೆಂಗಳೂರಿನಿಂದಲೇ ಅದು ಸುಮಾರು 275 ಕಿಲೋಮೀಟರ್. ಹಾಸನದಿಂದ ಹೊರಟರೆ ಹೋಗಿ ಬರುವುದರಲ್ಲಿ ಎರಡು ದಿನ ಕಳೆಯುತ್ತದೆ, ಮನಸ್ಸಿಗೆ ಒಪ್ಪುವಂಥದ್ದು ಸಿಗದಿದ್ದರೆ ಮೂರನೆಯ ದಿನವೂ ಹೋಗುತ್ತದೆ. ಹೇಳಿ ನೇಯಿಸುವಷ್ಟು ಕಾಲಾವಕಾಶವಂತೂ ಇಲ್ಲವೇ ಇಲ್ಲ. ಕಂಚಿಯ ನೇಕಾರರ ಸೀರೆಗಳು ಚಿಕ್ಕಪೇಟೆಗೂ ಬರುತ್ತವೆ. ವಾರದ ನಡುವಿನ ದಿನ ನೋಡಿಕೊಂಡು ಹನ್ನೊಂದು ಗಂಟೆಯ ಹೊತ್ತಿಗೆ ಬನ್ನಿ. ಕಾರು ತರಬೇಡಿ, ನಿಲ್ಲಿಸಲು ಜಾಗ ಹುಡುಕುವುದರಲ್ಲಿಯೇ ನಿಮ್ಮ ತಾಳ್ಮೆ ಮುಗಿದುಹೋಗುತ್ತದೆ; ಮೆಟ್ರೊದಲ್ಲಿ ಚಿಕ್ಕಪೇಟೆ ನಿಲ್ದಾಣದಲ್ಲಿ ಇಳಿದು ನಡೆಯಿರಿ. ಇನ್ನೊಂದು ಮಾತು, ಹೇಳಿದರೆ ನಿಷ್ಠುರವಾಗುತ್ತದೆ: ಮದುಮಗಳ ಜೊತೆ ಇಬ್ಬರಿಗಿಂತ ಹೆಚ್ಚು ಜನ ಬರಬೇಡಿ. ಒಂಬತ್ತು ಜನ ಬಂದ ಮನೆಯವರಿಗೆ ನಾನು ಒಂದು ಮಧ್ಯಾಹ್ನವಿಡೀ ಇನ್ನೂರಕ್ಕೂ ಹೆಚ್ಚು ಸೀರೆ ಬಿಡಿಸಿದ್ದೇನೆ. ಕೊನೆಗೆ ಅವರು ಒಂದು ಟವೆಲನ್ನೂ ಕೊಳ್ಳದೆ ಎದ್ದುಹೋದರು.

ಈಗ ಸೀರೆಯ ವಿಷಯ. ಕುಂಕುಮ ಬಣ್ಣದ ಒಡಲು, ಹಸಿರು ಅಂಚು ಎಂದಿದ್ದೀರಿ. ಅಂಥ ಎರಡು ಬಣ್ಣದ ಸೀರೆಯಲ್ಲಿ ಕೇಳಬೇಕಾದ ಮೊದಲ ಪ್ರಶ್ನೆ ಅದು ಕೊರ್ವೈ ಹೌದೋ ಅಲ್ಲವೋ ಎಂಬುದು. ಕೊರ್ವೈ ನೇಯ್ಗೆಯಲ್ಲಿ ಒಡಲಿನ ಹೊಕ್ಕಿಗೆ (ಅಡ್ಡ ಎಳೆಗೆ) ಒಂದು ಲಾಳಿ, ಎರಡು ಕಡೆಯ ಅಂಚುಗಳಿಗೆ ಬೇರೆ ಲಾಳಿಗಳು. ಎರಡು ಬಣ್ಣಗಳು ಸಂಧಿಸುವಲ್ಲಿ ಎಳೆಗಳನ್ನು ಒಂದಕ್ಕೊಂದು ಕೊಂಡಿ ಹಾಕಿ ನೇಯುತ್ತಾರೆ. ಹಾಗಾಗಿ ಅಂಚಿನ ಹಸಿರು ಶುದ್ಧ ಹಸಿರಾಗಿಯೇ ಇರುತ್ತದೆ. ಒಡಲಿನ ಕೆಂಪು ಹೊಕ್ಕೇ ಅಂಚಿನವರೆಗೂ ಓಡಿದ್ದರೆ ಹಸಿರಿನ ಮೇಲೆ ಕೆಂಪು ನೆರಳು ಕೂತಂತೆ ಕಾಣುತ್ತದೆ, ಮಡಿಸಿ ಬೆಳಕಿಗೆ ಹಿಡಿದರೆ ಗೊತ್ತಾಗುತ್ತದೆ. ಅದು ಕೆಟ್ಟ ಸೀರೆಯೆಂದಲ್ಲ. ಆದರೆ ಕೊರ್ವೈಯ ಬೆಲೆ ಅದಕ್ಕೆ ಸಲ್ಲದು.

ಸಿಲ್ಕ್ ಮಾರ್ಕ್ ಚೀಟಿ ಇದೆಯೇ ನೋಡಿ. ಕೇಂದ್ರ ರೇಷ್ಮೆ ಮಂಡಳಿಯ ಆಶ್ರಯದಲ್ಲಿ 2004ರಲ್ಲಿ ಬಂದ ಗುರುತು ಅದು. ಆದರೆ ಅದು ರೇಷ್ಮೆ ನಿಜವಾದದ್ದು ಎಂಬುದಕ್ಕೆ ಮಾತ್ರ ಸಾಕ್ಷಿ. ಜರಿ ಬೆಳ್ಳಿಯದೋ ತಾಮ್ರದ್ದೋ, ನೇಯ್ದದ್ದು ಕೈಮಗ್ಗವೋ ವಿದ್ಯುತ್ ಮಗ್ಗವೋ ಎಂಬುದನ್ನು ಅದು ಹೇಳುವುದಿಲ್ಲ. ಕೈಮಗ್ಗಕ್ಕೆ ಹ್ಯಾಂಡ್‌ಲೂಮ್ ಮಾರ್ಕ್ ಎಂಬ ಬೇರೆ ಗುರುತಿದೆ. ಬಹಳ ಜನ ಒಂದು ಚೀಟಿ ನೋಡಿ ಮೂರಕ್ಕೂ ಸಮಾಧಾನಪಟ್ಟುಕೊಳ್ಳುತ್ತಾರೆ. ಜರಿಯ ಬಗ್ಗೆ ಅಂಗಡಿಯವರನ್ನೇ ನೇರವಾಗಿ ಕೇಳಿ, ಅವರು ಹೇಳಿದ್ದನ್ನು ಬಿಲ್ಲಿನಲ್ಲಿ ಬರೆಸಿಕೊಳ್ಳಿ. ಬರೆಯಲು ಹಿಂಜರಿದರೆ ಉತ್ತರ ಸಿಕ್ಕಂತೆಯೇ.

ಸೂಜಿದಾರ:
ಮೇಲಿನ ಹಿರಿಯರು ಹೇಳಿದ್ದೆಲ್ಲ ಸರಿ, ಆದರೆ ಅಕ್ಕ ಕೇಳಿದ ಎರಡನೆಯ ಪ್ರಶ್ನೆಗೆ ಯಾರೂ ಉತ್ತರಿಸಿಲ್ಲ. ಯಾವುದನ್ನು ಮೊದಲು ಮಾಡಬೇಕು? ಮೊದಲು ಟೈಲರ್‌ಗೆ ಫೋನ್ ಮಾಡಬೇಕು. ಸೀರೆ ಒಂದು ಗಂಟೆಯಲ್ಲಿ ಸಿಗುತ್ತದೆ, ರವಿಕೆ ಸಿಗುವುದಿಲ್ಲ. ಲಗ್ನದ ದಿನಗಳಲ್ಲಿ ತಡವಾಗುವುದು ಅಲ್ಲಿಯೇ. ನಾನು ಹೊಲಿಗೆಯವಳು, ವರ್ಷಕ್ಕೆ ಮೂರು ನಾಲ್ಕು ಇಂಥ ಮನೆಗಳನ್ನು ನೋಡುತ್ತೇನೆ: ಸೀರೆಗೆ ಹತ್ತು ದಿನ ತಿರುಗಿ, ರವಿಕೆಗೆ ಮೂರು ದಿನ ಉಳಿಸಿಕೊಂಡು ಬಂದು ಕಣ್ಣಲ್ಲಿ ನೀರು ತಂದುಕೊಳ್ಳುತ್ತಾರೆ.

ಮುಹೂರ್ತದಿಂದ ಹಿಂದಕ್ಕೆ ಎಣಿಸಿ ನೋಡಿ. ಚಪ್ಪರ, ದೇವರ ಕಾರ್ಯ ಎಂದು ಮೂರು ದಿನ ಮೊದಲೇ ಮನೆಯಲ್ಲಿ ಗಲಾಟೆ ಆರಂಭವಾಗುತ್ತದೆ, ಅಷ್ಟು ಹೊತ್ತಿಗೆ ರವಿಕೆ ಕೈಯಲ್ಲಿರಬೇಕು. ತೊಟ್ಟು ನೋಡಿ ಸರಿಪಡಿಸಲು ಎರಡು ದಿನ. ಹೊಲಿಗೆಗೆ ಮೂರು ದಿನ. ಒಂದು ರವಿಕೆ ಹೊಲಿಯಲು ಅಷ್ಟು ಹೊತ್ತು ಬೇಡ, ಆದರೆ ನಿಮ್ಮದು ಸರದಿಯಲ್ಲಿ ಇರುತ್ತದೆ. ಮಗ್ಗಂ ವರ್ಕ್ ಮಾಡಿಸುವುದಾದರೆ ಅದು ಹೊಲಿಗೆಗಿಂತ ಮೊದಲು ಆಗಬೇಕಾದ ಕೆಲಸ: ಅಳತೆ ತೆಗೆದು, ಬಟ್ಟೆಯ ಮೇಲೆ ಕತ್ತಿನ ಮತ್ತು ತೋಳಿನ ಗೆರೆ ಹಾಕಿ, ಮರದ ಚೌಕಟ್ಟಿಗೆ ಬಿಗಿದು, ಆರಿ ಸೂಜಿಯಲ್ಲಿ ಒಂದೊಂದೇ ಮಣಿ ಪೋಣಿಸುತ್ತಾರೆ. ಸಾಧಾರಣ ಕೆಲಸಕ್ಕೇ ಐದಾರು ದಿನ ಹಿಡಿಯಿರಿ. ಒಟ್ಟು ಹದಿನಾಲ್ಕು ದಿನ. ಅಂದರೆ ಸೀರೆಯನ್ನು ಇನ್ನು ಐದು ದಿನಗಳೊಳಗೆ ತಂದು ರವಿಕೆಯ ತುಂಡನ್ನು ಕತ್ತರಿಸಿ ಕೊಡಬೇಕು. ನವಿಲುಗಳು ತೋಳಿನ ತುಂಬ ಬೇಕೆಂದರೆ ನನ್ನಿಂದ ಆಗುವುದಿಲ್ಲವೆಂದೇ ಹೇಳುತ್ತೇನೆ. ಈ ಅವಧಿಯಲ್ಲಿ ಆಗುತ್ತದೆ ಎಂದು ಮುಂಗಡ ತೆಗೆದುಕೊಳ್ಳುವವರ ಬಗ್ಗೆ ಎಚ್ಚರವಿರಲಿ.

ಒಂದೆರಡು ಸಣ್ಣ ಮಾತುಗಳು. ತುಂಡು ಕತ್ತರಿಸಿದ ಮೇಲೆಯೇ ಫಾಲ್ಸ್, ಜಿಗ್‌ಜಾಗ್ ಮತ್ತು ಕುಚ್ಚು. ರವಿಕೆ ಆಗುವಷ್ಟರಲ್ಲಿ ಅವೂ ಬೇರೆ ಕೈಯಲ್ಲಿ ಮುಗಿಯುತ್ತವೆ. ಅಳತೆಗೆ ಹಳೆಯ ರವಿಕೆ ಕೊಟ್ಟು ಹೋಗಬೇಡಿ, ಹುಡುಗಿಯನ್ನೇ ಕರೆತನ್ನಿ. ಹತ್ತಿಯ ಲೈನಿಂಗನ್ನು ನೀರಿನಲ್ಲಿ ನೆನೆಸಿ ಒಣಗಿಸಿ ಆಮೇಲೆ ಕತ್ತರಿಸುತ್ತೀರಾ ಎಂದು ಕೇಳಿ. ಪಕ್ಕದ ಹೊಲಿಗೆಯ ಒಳಗೆ ಎರಡೂ ಕಡೆ ಕನಿಷ್ಠ ಒಂದಂಗುಲ ಬಟ್ಟೆ ಬಿಡಿಸಿ. ಮದುವೆ ಮನೆಯ ಓಡಾಟದಲ್ಲಿ ಕೆಲವರು ಇಳಿಯುತ್ತಾರೆ, ಕೆಲವರು ಊಟದ ಮೇಲೆ ಊಟ ಮಾಡಿ ಏರುತ್ತಾರೆ. ಎರಡಕ್ಕೂ ಆ ಒಂದಂಗುಲವೇ ಗತಿ.

ಅರಮನೆಯೂರಿನವಳು:
ಅಕ್ಕನ ತಾಯಿಯ ಪಕ್ಷಕ್ಕೆ ಯಾರೂ ಇಲ್ಲವೆಂದು ನಾನು ಬರೆಯುತ್ತಿದ್ದೇನೆ. ಮೈಸೂರಿನ ರೇಷ್ಮೆ ನೇಯ್ಗೆ ಕಾರ್ಖಾನೆ 1912ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ ಆರಂಭವಾದದ್ದು, ಈಗ ಕರ್ನಾಟಕ ರೇಷ್ಮೆ ಉದ್ಯಮಗಳ ನಿಗಮ ಅದನ್ನು ನಡೆಸುತ್ತಿದೆ. ಜರಿಯಲ್ಲಿ 65 ಶೇಕಡಾ ಬೆಳ್ಳಿ, 0.65 ಶೇಕಡಾ ಚಿನ್ನ ಎಂದು ನಿಗಮವೇ ಹೇಳುತ್ತದೆ. ಸೀರೆ ಹಗುರ, ಬೆಳಗಿನಿಂದ ಸಂಜೆಯವರೆಗೆ ಹೋಮದ ಹೊಗೆಯಲ್ಲಿ ಕೂತೇಳುವ ಹುಡುಗಿಗೆ ಅದು ಸಣ್ಣ ವಿಷಯವಲ್ಲ. ನನ್ನ ಧಾರೆಯೂ ಮೈಸೂರು ರೇಷ್ಮೆಯಲ್ಲಿಯೇ ಆಯಿತು.

ಚಿಕ್ಕಪೇಟೆಯ ಹಳಬ:
ಒಪ್ಪುತ್ತೇನೆ ತಾಯಿ, ಜರಿಯ ವಿಷಯದಲ್ಲಿ ಅಷ್ಟು ನಿಶ್ಚಿಂತೆ ಬೇರೆಲ್ಲಿಯೂ ಇಲ್ಲ. ಆದರೆ ಅವಸರದ ಮದುವೆಗೆ ಅದನ್ನು ನಂಬಿ ಕೂರುವಂತಿಲ್ಲ. ಆ ಮಳಿಗೆಗಳ ಮುಂದೆ ಬೆಳಗಿನ ಜಾವದಿಂದ ಜನ ಸರತಿ ನಿಂತು ಟೋಕನ್ ಪಡೆಯುವ ಸುದ್ದಿಯನ್ನು ಇತ್ತೀಚಿನ ವರ್ಷಗಳಲ್ಲಿ ಎಲ್ಲರೂ ನೋಡಿದ್ದೇವೆ. ಸರತಿ ನಿಂತರೂ ಆ ದಿನ ಬಂದ ಬಣ್ಣಗಳಲ್ಲಿಯೇ ಆರಿಸಬೇಕು. ಸಿಕ್ಕರೆ ಬೀಗರ ಕಡೆಯವರಿಗೆ ಉಡುಗೊರೆ ಕೊಡಲು ತೆಗೆದುಕೊಳ್ಳಲಿ, ಧಾರೆಗೆ ಅದನ್ನೇ ನೆಚ್ಚುವುದು ಬೇಡ.

ಇಳಕಲ್ಲಿನ ಸೊಸೆ:
ಬಾಗಲಕೋಟೆ ಜಿಲ್ಲೆಯಿಂದ ಬರೆಯುತ್ತಿದ್ದೇನೆ. ಸೂಜಿದಾರ ಅವರ ಮಾತನ್ನು ಓದಿ ನನಗೆ ನಮ್ಮ ಕಡೆಯ ಪದ್ಧತಿ ನೆನಪಾಯಿತು. ನಮ್ಮಲ್ಲಿ ಇಳಕಲ್ ಸೀರೆಗೆ ಗುಳೇದಗುಡ್ಡದ ಖಣದ ಕುಪ್ಪಸ. ಖಣವೆಂದರೆ ಕುಪ್ಪಸಕ್ಕೆಂದೇ ನೇಯ್ದ ಬಟ್ಟೆ, ಅದರ ಮೈತುಂಬ ಸಣ್ಣ ಬುಟ್ಟಾಗಳು ನೇಯ್ಗೆಯಲ್ಲಿಯೇ ಬಂದಿರುತ್ತವೆ, ಅಂಚೂ ಅದರಲ್ಲಿಯೇ ಇರುತ್ತದೆ. ಅದರ ಮೇಲೆ ಸೂಜಿ ಕೆಲಸ ಮಾಡಿಸುವ ಅಗತ್ಯವೇ ಬೀಳುವುದಿಲ್ಲ. ಬೆಳಿಗ್ಗೆ ಕೊಟ್ಟರೆ ಪರಿಚಯದ ದರ್ಜಿ ಸಂಜೆ ಹೊಲಿದು ಕೊಡುತ್ತಾನೆ. ನನ್ನ ನಾದಿನಿಯ ಮದುವೆ ಹನ್ನೊಂದು ದಿನಗಳಲ್ಲಿ ಆಯಿತು, ಕುಪ್ಪಸದ ಬಗ್ಗೆ ಯಾರೂ ಯೋಚಿಸಿದ್ದೇ ನೆನಪಿಲ್ಲ.

ಹಾಸನದವರು ಧಾರೆಗೆ ಇಳಕಲ್ ಉಡುವುದಿಲ್ಲವೆಂದು ಗೊತ್ತು. ಆದರೂ ಆರತಕ್ಷತೆಗೋ ಮರುದಿನದ ಪೂಜೆಗೋ ಒಂದು ಇಳಕಲ್ ಇರಲಿ ಎಂದು ನನ್ನ ಆಸೆ. ಕೆಂಪು ಟೋಪಿ ತೆನಿಯ (ಗೋಪುರದಂಥ ಬಿಳಿ ಚಿತ್ತಾರದ) ಸೆರಗಿನ ಸೀರೆಯನ್ನು ಕೊಳ್ಳುವಾಗ ಸೆರಗು ಒಡಲಿಗೆ ಸೇರುವ ಜಾಗವನ್ನು ಬೆರಳಿನಿಂದ ಮುಟ್ಟಿ ನೋಡಿ. ಒಡಲಿನ ಹಾಸಿನ (ಉದ್ದದ) ಎಳೆಗಳನ್ನೂ ಸೆರಗಿನ ರೇಷ್ಮೆ ಎಳೆಗಳನ್ನೂ ಒಂದೊಂದಾಗಿ ಕೊಂಡಿ ಹಾಕಿ ಸೇರಿಸಿರುತ್ತಾರೆ, ಅಲ್ಲಿ ಸಣ್ಣ ಏರು ಬೆರಳಿಗೆ ತಾಗುತ್ತದೆ.

ಹದಿನೆಂಟು ಮೊಳ:
ಧಾರೆಗೆ ಕಚ್ಚೆ ಹಾಕಿ ಉಡುವ ಮನೆತನದವರಾದರೆ ಹದಿನೆಂಟು ಮೊಳದ ಸೀರೆ ಬೇಕಾಗುತ್ತದೆ. ಎಲ್ಲ ಅಂಗಡಿಗಳಲ್ಲಿಯೂ ಅದು ಇರುವುದಿಲ್ಲ. ಇದ್ದರೂ ಬಣ್ಣಗಳು ಕಡಿಮೆ. ಹೋಗುವ ಮೊದಲು ಫೋನಿನಲ್ಲಿ ಕೇಳಿಕೊಳ್ಳುವುದು ಒಳ್ಳೆಯದು.

ಹಾಸನದ ಅಕ್ಕ:
ನಮ್ಮದು ಸಾಮಾನ್ಯ ಉದ್ದದ ಸೀರೆಯೇ. ಎಲ್ಲರಿಗೂ ಧನ್ಯವಾದಗಳು. ಸೂಜಿದಾರ ಅವರ ಲೆಕ್ಕ ಓದಿದ ತಕ್ಷಣ ನಮ್ಮೂರಿನ ಟೈಲರ್‌ಗೆ ಫೋನ್ ಮಾಡಿದೆ. ಐದು ದಿನದೊಳಗೆ ಬಟ್ಟೆ ಬಂದರೆ ಒಪ್ಪಿಕೊಳ್ಳುತ್ತೇನೆ, ಆರನೆಯ ದಿನ ಬಂದರೆ ಬಾಗಿಲಲ್ಲೇ ನಿಲ್ಲಿಸುತ್ತೇನೆ ಎಂದರು. ನೀವಿಬ್ಬರೂ ಮಾತಾಡಿಕೊಂಡಿರಬೇಕು. ಬುಧವಾರ ಬೆಂಗಳೂರಿಗೆ ಹೊರಟಿದ್ದೇವೆ: ತಂಗಿ, ಅಮ್ಮ, ನಾನು. ದೊಡ್ಡಮ್ಮನಿಗೆ ಮಂಟಪದ ಹೂವಿನವರ ಜೊತೆ ಮಾತನಾಡುವ ಜವಾಬ್ದಾರಿ ಕೊಟ್ಟಿದ್ದೇವೆ.

ಇನ್ನೊಂದು ಪ್ರಶ್ನೆ. ಆರತಕ್ಷತೆಗೆ ಲೆಹೆಂಗಾ ಬಾಡಿಗೆಗೆ ತರಬೇಕೆಂದು ತಂಗಿ ಹೇಳುತ್ತಿದ್ದಾಳೆ. ಬೇರೆಯವರು ತೊಟ್ಟದ್ದನ್ನು ಮದುವೆಯಲ್ಲಿ ತೊಡುವುದೇ ಎಂದು ಅಮ್ಮ ಮುಖ ಗಂಟಿಕ್ಕಿದ್ದಾರೆ.

ಒಮ್ಮೆ ಸುಟ್ಟುಕೊಂಡವಳು:
ಲೆಹೆಂಗಾ ಬಾಡಿಗೆಗೆ ತಂದರೆ ನಷ್ಟವೇನಿಲ್ಲ, ಮತ್ತೆ ತೊಡುವ ಸಂದರ್ಭವೇ ಬಾರದ ಬಟ್ಟೆ ಅದು. ಅಂದು ಹಾಕುವ ಚಪ್ಪಲಿಯನ್ನೇ ಹಾಕಿಕೊಂಡು ಉದ್ದ ನೋಡಿ, ಜಿಪ್ ಹತ್ತು ಸಲ ಎಳೆದು ನೋಡಿ, ಕಂಕುಳ ಭಾಗವನ್ನು ಒಳಗಿನಿಂದ ನೋಡಿ.

ಸೂಜಿದಾರ ಅವರು ಮುಂಗಡದ ಬಗ್ಗೆ ಹೇಳಿದ್ದಕ್ಕೆ ನನ್ನದೇ ಅನುಭವವಿದೆ. ನನ್ನ ಮದುವೆಗೆ ಇಪ್ಪತ್ತು ದಿನ ಇರುವಾಗ ಒಂದು ಬೊಟಿಕ್‌ನವರು ಪೂರ್ತಿ ತೋಳಿನ ಕೆಲಸ ಮಾಡಿಕೊಡುವುದಾಗಿ ಹೇಳಿ ಎಂಟು ಸಾವಿರ ಮುಂಗಡ ಪಡೆದರು. ಪ್ರತಿದಿನ ಫೋನ್ ಮಾಡಿದಾಗಲೂ ನಡೆಯುತ್ತಿದೆ ಎಂಬ ಉತ್ತರ. ಚಪ್ಪರದ ಹಿಂದಿನ ದಿನ ಅಣ್ಣ ಹೋಗಿ ನೋಡಿದರೆ ಒಂದು ತೋಳಿನಲ್ಲಿ ಅರ್ಧ ಬಳ್ಳಿ, ಇನ್ನೊಂದರಲ್ಲಿ ಬಳಪದ ಗೆರೆ ಮಾತ್ರ. ಸೀರೆಯ ಜೊತೆ ಬಂದ ತುಂಡು ಅದೊಂದೇ ಆಗಿತ್ತು. ನಾನು ಅತ್ತಿಗೆಯ ಚಿನ್ನದ ಬಣ್ಣದ ರವಿಕೆಯನ್ನು ಪಿನ್ನು ಹಾಕಿ ಬಿಗಿದು ತೊಟ್ಟೆ. ಫೋಟೊಗಳಲ್ಲಿ ಗೊತ್ತಾಗುವುದಿಲ್ಲ, ಆದರೆ ಬೆನ್ನಿನಲ್ಲಿ ಚುಚ್ಚುತ್ತಿದ್ದ ಆ ಪಿನ್ನು ನನಗೆ ಇವತ್ತಿಗೂ ನೆನಪಿದೆ.

ಸೂಜಿದಾರ:
ಇದೇ ಕಾರಣಕ್ಕೆ ನಾನು ಬಂದವರಿಗೆಲ್ಲ ಹೇಳುವುದು: ಸೀರೆಗೆ ಒಪ್ಪುವ ಬಣ್ಣದ ಒಂದು ಮೀಟರ್ ಸಾದಾ ರೇಷ್ಮೆ ಬಟ್ಟೆಯನ್ನು ಹೆಚ್ಚುವರಿಯಾಗಿ ತೆಗೆದಿಡಿ. ಮೊದಲನೆಯದು ಕೈಕೊಟ್ಟರೆ ಒಂದು ರಾತ್ರಿಯಲ್ಲಿ ಹೊಲಿಯಬಹುದು. ಕೈಕೊಡದಿದ್ದರೆ ಇನ್ನೊಂದು ಸೀರೆಗೆ ಆಗುತ್ತದೆ.

ಹಾಸನದ ಅಕ್ಕ (ಬುಧವಾರ ರಾತ್ರಿ):
ಸೀರೆ ಸಿಕ್ಕಿತು. ವಿವರವಾಗಿ ಬರೆಯುತ್ತೇನೆ, ಮುಂದೆ ಹುಡುಕುವವರಿಗೆ ಉಪಯೋಗವಾಗಬಹುದು.

ಮೊದಲ ಅಂಗಡಿಯಲ್ಲಿ ಬಿಳಿ ಹಾಸಿಗೆಯ ಮೇಲೆ ಕೂತ ಹತ್ತು ನಿಮಿಷದಲ್ಲಿಯೇ ತಂಗಿ ಒಂದು ಸೀರೆಯನ್ನು ಎತ್ತಿಕೊಂಡಳು. ಕುಂಕುಮ ಬಣ್ಣ, ಹಸಿರು ಅಂಚು, ಅಂಚಿನಲ್ಲಿ ಹಂಸಗಳ ಸಾಲು. ಅವಳು ಹೇಳಿದ್ದು ಹೇಳಿದ ಹಾಗೆಯೇ ಇತ್ತು. ಬೆಲೆ 29,000. ಅಮ್ಮ ಪರ್ಸಿಗೆ ಕೈ ಹಾಕಿದ್ದರು. ನಾನು ಹಿರಿಯರು ಹೇಳಿದಂತೆ ಅಂಚನ್ನು ಮಡಿಸಿ ನೋಡಿದೆ, ಹಸಿರಿನೊಳಗೆ ಕೆಂಪು ಇಣುಕುತ್ತಿತ್ತು. ಇದು ಕೊರ್ವೈಯೇ ಎಂದು ಕೇಳಿದೆ. ತೋರಿಸುತ್ತಿದ್ದವರು ಒಂದು ಕ್ಷಣ ನನ್ನ ಮುಖ ನೋಡಿ, ಅಲ್ಲ ಮೇಡಂ ಎಂದರು. ಸುಳ್ಳು ಹೇಳಲಿಲ್ಲ, ಅದನ್ನು ಮೆಚ್ಚಬೇಕು. ಕೇಳದಿದ್ದರೆ ಹೇಳುತ್ತಲೂ ಇರಲಿಲ್ಲ.

ಮೂರನೆಯ ಅಂಗಡಿಯಲ್ಲಿ ಕೊರ್ವೈ ಸಿಕ್ಕಿತು. ಅಲ್ಲಿ ಟ್ಯೂಬ್‌ಲೈಟಿನ ಕೆಳಗೆ ಕುಂಕುಮದಂತಿದ್ದ ಸೀರೆಯನ್ನು ತಂಗಿಯೇ ಬಾಗಿಲಿನ ಬಳಿಗೆ ತೆಗೆದುಕೊಂಡು ಹೋದಳು. ಹೊರಗಿನ ಬೆಳಕಿನಲ್ಲಿ ಅದು ಮಾಗಿದ ದಾಳಿಂಬೆ ಬೀಜದ ಬಣ್ಣಕ್ಕೆ ತಿರುಗಿತು. ನನಗೆ ಗಾಬರಿಯಾಯಿತು, ಅವಳಿಗೆ ಅದೇ ಹೆಚ್ಚು ಇಷ್ಟವಾಯಿತು. ಅಮ್ಮ ಸೆರಗನ್ನು ಅವಳ ಭುಜದ ಮೇಲೆ ಹಾಕಿ ದೂರ ಸರಿದು ನೋಡಿದರು, ಮೈಸೂರು ರೇಷ್ಮೆಯ ಮಾತು ಆಮೇಲೆ ಬರಲಿಲ್ಲ. 27,500ಕ್ಕೆ ಮಾತಾಯಿತು. ಜರಿಯ ಬಗ್ಗೆ ಕೇಳಿದಾಗ ಇದು ಶುದ್ಧ ಬೆಳ್ಳಿ ಜರಿಯಲ್ಲ, ಅಂಥದ್ದು ಈ ಬೆಲೆಗೆ ಬರುವುದಿಲ್ಲ ಎಂದು ಅವರೇ ಹೇಳಿ, ಬಿಲ್ಲಿನಲ್ಲಿಯೂ ಹಾಗೆಯೇ ಬರೆದುಕೊಟ್ಟರು. ನಾಲ್ಕು ಗಂಟೆಗೆ ಹೊರಬಂದು ದೋಸೆ ತಿಂದೆವು. ಪಕ್ಕದಲ್ಲಿಯೇ ಒಂದು ಮೀಟರ್ ಹಸಿರು ರೇಷ್ಮೆ ಬಟ್ಟೆಯನ್ನೂ ತೆಗೆದುಕೊಂಡೆವು. ಹುಡುಗನ ಪಂಚೆ, ಶಲ್ಯ ಅರ್ಧ ಗಂಟೆಯ ಕೆಲಸ. ಗಂಡಸರ ಬಟ್ಟೆಗೆ ಯಾರೂ ಇಷ್ಟು ಉದ್ದದ ಚರ್ಚೆ ಮಾಡಬೇಕಾಗಿಲ್ಲ.

ಚಿಕ್ಕಪೇಟೆಯ ಹಳಬ:
ಆ ಬೆಲೆಗೆ ಒಡಲು ರೇಷ್ಮೆ, ನೇಯ್ಗೆ ಕೊರ್ವೈ ಎಂದರೆ ಮೋಸ ಹೋಗಿಲ್ಲ. ಬೆಳ್ಳಿ ಜರಿ ಬೇಕೆಂದಿದ್ದರೆ ಮೂವತ್ತು ಸಾವಿರವನ್ನು ಮರೆಯಬೇಕಾಗುತ್ತಿತ್ತು.

ಸೂಜಿದಾರ:
ನವಿಲುಗಳ ಗತಿ ಏನಾಯಿತು?

ಹಾಸನದ ಅಕ್ಕ (ಮದುವೆಗೆ ಐದು ದಿನ ಇರುವಾಗ):
ನವಿಲುಗಳು ಹಾರಿಹೋದವು. ತೋಳಿನ ಅಂಚಿಗೆ ಎರಡು ಸಾಲು ಮಣಿ, ಬೆನ್ನಿನ ಕತ್ತಿಗೆ ಒಂದು ಬಳ್ಳಿ, ಅಷ್ಟೇ. ತಂಗಿ ಒಂದು ದಿನ ಮುಖ ಊದಿಸಿಕೊಂಡಿದ್ದಳು. ಸೀರೆಯ ಅಂಚೇ ಎದ್ದು ಕಾಣಬೇಕೋ, ನಿನ್ನ ನವಿಲುಗಳೋ, ಎರಡೂ ಕಚ್ಚಾಡಿದರೆ ಧಾರೆಯ ಹೊತ್ತಿನಲ್ಲಿ ನೋಡುವವರು ಯಾವುದನ್ನು ನೋಡಬೇಕು ಎಂದು ನಮ್ಮ ಟೈಲರ್ ಕೇಳಿದ ಮೇಲೆ ನಕ್ಕುಬಿಟ್ಟಳು.

ಇಂದು ತೊಟ್ಟು ನೋಡಿದೆವು. ಬಲ ತೋಳು ಬಿಗಿಯಾಗಿತ್ತು, ಕೈ ಮೇಲೆತ್ತಿದರೆ ರವಿಕೆಯೂ ಜೊತೆಗೆ ಏರುತ್ತಿತ್ತು. ಹಾರ ಹಾಕುವಾಗ ಕೈ ಎತ್ತಲೇಬೇಕಲ್ಲ, ಅದಕ್ಕೇ ಎತ್ತಿಸಿ ನೋಡಿದ್ದು ಎಂದರು ಟೈಲರ್. ಒಳಗೆ ಬಿಟ್ಟಿದ್ದ ಒಂದಂಗುಲದಲ್ಲಿ ಅರ್ಧ ಅಂಗುಲ ಬಿಚ್ಚಿ, ನಾವು ಕಾಫಿ ಕುಡಿಯುವಷ್ಟರಲ್ಲಿ ಸರಿಮಾಡಿಕೊಟ್ಟರು. ಲೆಹೆಂಗಾ ಬಾಡಿಗೆಗೇ ತಂದಿದ್ದೇವೆ. ಅಮ್ಮ ಅದನ್ನು ಇನ್ನೂ ಮುಟ್ಟಿಲ್ಲ.

ಹಾಸನದ ಅಕ್ಕ (ಮದುವೆಯ ಮೂರನೆಯ ದಿನ):
ಮದುವೆ ಸುಸೂತ್ರವಾಗಿ ನಡೆಯಿತು. ಹಿಂದಿನ ರಾತ್ರಿ ಬಿದ್ದ ಮಳೆಗೆ ಮಂಟಪದ ಮುಂದೆಲ್ಲ ಕೆಸರಾಗಿ, ಕಾರಿನಿಂದ ಮೆಟ್ಟಿಲವರೆಗೆ ನಾನು ಸೀರೆಯ ನೆರಿಗೆಯನ್ನು ಎತ್ತಿ ಹಿಡಿದುಕೊಂಡೇ ನಡೆದೆ. ಕೆಸರಿನಿಂದ ಉಳಿಸಿದ್ದನ್ನು ಹಾಲಿನಿಂದ ಉಳಿಸಲಾಗಲಿಲ್ಲ. ಧಾರೆ ಎರೆಯುವಾಗ ನಮ್ಮ ಸೋದರಮಾವ ಸ್ವಲ್ಪ ಧಾರಾಳವಾಗಿಯೇ ಎರೆದರು, ಹಾಲು ನೆರಿಗೆಯ ಮೇಲೆ ಅಂಗೈ ಅಗಲ ಹರಡಿದೆ. ಸೆರಗಿನ ತುದಿಯಲ್ಲಿ ಅಕ್ಷತೆಯ ಅರಿಶಿನವೂ ಹತ್ತಿದೆ. ಇನ್ನು ಹತ್ತು ದಿನಕ್ಕೆ ಅವಳು ಹೊರಡುತ್ತಾಳೆ. ಮನೆಯಲ್ಲಿಯೇ ನೀರಿನಲ್ಲಿ ಒರೆಸಬಹುದೇ?

ಚಿಕ್ಕಪೇಟೆಯ ಹಳಬ:
ನೀರು ಮುಟ್ಟಿಸಬೇಡಿ, ಉಜ್ಜಲೇಬೇಡಿ. ಕೆಂಪು ಹಸಿರಿಗೆ ಇಳಿದರೆ ಆಮೇಲೆ ಯಾರೂ ಏನೂ ಮಾಡಲಾಗುವುದಿಲ್ಲ. ರೇಷ್ಮೆ ಸೀರೆಗಳನ್ನು ಮಾಡಿ ಅಭ್ಯಾಸವಿರುವ ಡ್ರೈ ಕ್ಲೀನಿಂಗ್ ಅಂಗಡಿಗೆ ನಾಳೆಯೇ ಕೊಡಿ. ಇಲ್ಲಿ ಹಾಲು, ಇಲ್ಲಿ ಅರಿಶಿನ ಎಂದು ಕಲೆಗಳನ್ನು ಬೆರಳಿಟ್ಟು ತೋರಿಸಿ, ಯಾವ ಕಲೆ ಎಂದು ತಿಳಿದರೆ ಅವರಿಗೆ ಕೆಲಸ ಸುಲಭ. ವಾಪಸು ಬಂದ ಮೇಲೆ ಪ್ಲಾಸ್ಟಿಕ್ ಚೀಲದಲ್ಲಿ ಇಡದೆ ಬಿಳಿ ಹತ್ತಿ ಬಟ್ಟೆಯಲ್ಲಿ ಸುತ್ತಿಡಿ, ನುಸಿಗುಳಿಗೆಯನ್ನು ಜರಿಗೆ ತಾಗಿಸಬೇಡಿ. ಮೂರು ನಾಲ್ಕು ತಿಂಗಳಿಗೊಮ್ಮೆ ಮಡಿಕೆ ಬದಲಿಸದಿದ್ದರೆ ಮಡಿಕೆಯ ಗೆರೆಯಲ್ಲಿಯೇ ರೇಷ್ಮೆ ಸೀಳುತ್ತದೆ.

ಹಾಸನದ ಅಕ್ಕ:
ನಾಳೆಯೇ ಕೊಡುತ್ತೇನೆ. ಸೀರೆ ಸದ್ಯಕ್ಕೆ ಇಲ್ಲಿಯೇ ಇರಲಿ, ಅಲ್ಲಿ ಉಡುವ ಸಂದರ್ಭವಿಲ್ಲ ಎಂದು ತಂಗಿ ಹೇಳಿದ್ದಾಳೆ. ಸುತ್ತಿಡಲು ಅಪ್ಪನ ಹಳೆಯ ಬಿಳಿ ಪಂಚೆಯೊಂದನ್ನು ಅಮ್ಮ ಆಗಲೇ ಒಗೆದು ಹಾಕಿದ್ದಾರೆ. ಮಳೆ ಬಿಡದಿರುವುದರಿಂದ ಅದಿನ್ನೂ ಒಣಗಿಲ್ಲ.